ರೋಮ್‌ನ ಬೇಕರಿಯವನ ಗೋರಿ: ಅಪ್ಪನಿಗೊಂದು ಪತ್ರ

ಪ್ರೀತಿಯ ಅಪ್ಪನಿಗೆ ನಮಸ್ಕಾರಗಳು.

ನಾನಿಲ್ಲಿ ಕ್ಷೇಮ. ಅಮ್ಮನ ಮಂಡಿನೋವು ಈಗ ಹೇಗಿದೆ? ಫೋನಿನಲ್ಲಿ ಹೇಳೋಣ ಅಂದರೆ ಅಂಗಡಿಗೆ ಯಾರೋ ಬರುತ್ತಾರೆ, ಮಾತು ಅರ್ಧಕ್ಕೇ ನಿಲ್ಲುತ್ತದೆ. ಅದಕ್ಕೇ ಈ ಸಲ ಬರೆದೇ ಕಳಿಸುತ್ತಿದ್ದೇನೆ. ರಾತ್ರಿ ಬಾಗಿಲು ಹಾಕಿದ ಮೇಲೆ ನಿಧಾನವಾಗಿ ಓದಿ.

ರೋಮ್‌ನಲ್ಲಿ ಪೋರ್ತಾ ಮಜ್ಜೋರೆ ಅಂತ ಹಳೇ ಕಾಲದ ಒಂದು ದೊಡ್ಡ ಊರಬಾಗಿಲಿದೆ. ಸುತ್ತ ಟ್ರಾಮು, ಬಸ್ಸು, ಗಲಾಟೆ. ಅದರ ಮಗ್ಗುಲಲ್ಲೇ ಒಂದು ಗೋರಿ ಇದೆ, ಯಾವ ರಾಜನದ್ದೂ ಅಲ್ಲ, ಸೇನಾಪತಿಯದ್ದೂ ಅಲ್ಲ, ಒಬ್ಬ ಬೇಕರಿ ಮಾಲೀಕನದು! ಹೆಸರು ಮಾರ್ಕಸ್ ವರ್ಜಿಲಿಯಸ್ ಯೂರಿಸೇಸಸ್. ಕಟ್ಟಿ ಎರಡು ಸಾವಿರ ವರ್ಷದ ಮೇಲಾಯಿತು. ಅದರ ಮೇಲೆ ಆಮೇಲಿನ ಚಕ್ರವರ್ತಿಗಳ ಕಾಲದಲ್ಲಿ ಕೋಟೆಯ ಬುರುಜು ಎದ್ದು, ಗೋರಿ ಒಳಗೇ ಹೂತುಹೋಗಿತ್ತು. 1838ರಲ್ಲಿ ಆ ಬುರುಜು ಕೆಡವಿದಾಗ ಮತ್ತೆ ಕಣ್ಣಿಗೆ ಬಿತ್ತು.

ಗೋರಿಯ ಮೈಮೇಲೆ ಸಾಲಾಗಿ ದುಂಡನೆಯ ತೂತುಗಳಿವೆ. ಹಿಟ್ಟು ನಾದುವ ದೊಡ್ಡ ಪಾತ್ರೆಗಳನ್ನು ಅಡ್ಡ ಮಲಗಿಸಿದಂತೆ ಮಾಡಿದ್ದಾರೆ ಅಂತ ಬಹಳ ಜನ ವಿದ್ವಾಂಸರು ಹೇಳುತ್ತಾರೆ, ಧಾನ್ಯ ಅಳೆಯುವ ಪಾತ್ರೆ ಅನ್ನುವವರೂ ಇದ್ದಾರೆ. ಆದರೆ ನಿಮಗೆ ತೋರಿಸಬೇಕು ಅನ್ನಿಸಿದ್ದು ಮೇಲುಗಡೆ ಕೆತ್ತಿರುವ ಪಟ್ಟಿಯನ್ನು. ಗೋಧಿ ಬಂದು ಇಳಿಯುವುದರಿಂದ ಹಿಡಿದು ಬ್ರೆಡ್ ತೂಗಿ ಕಳಿಸುವ ತನಕ ಇಡೀ ಬೇಕರಿಯ ಕೆಲಸ ಅಲ್ಲಿದೆ. ಒಂದು ಕಡೆ ಕತ್ತೆಗಳು ಬೀಸುವ ಕಲ್ಲು ತಿರುಗಿಸುತ್ತಿವೆ. ಪಕ್ಕದಲ್ಲಿ ಹಿಟ್ಟು ಜರಡಿ ಹಿಡಿಯುತ್ತಿದ್ದಾರೆ. ಇನ್ನೊಂದು ಕಡೆ ಪ್ರಾಣಿ ಕಟ್ಟಿ ತಿರುಗಿಸುವ ನಾದುವ ಯಂತ್ರ, ಉದ್ದ ಮೇಜಿನ ಮುಂದೆ ಸಾಲಾಗಿ ನಿಂತು ಉಂಡೆ ಕಟ್ಟುವ ಆಳುಗಳು, ಕೊನೆಗೆ ಓವನ್ ಬಾಯಿಗೆ ಉದ್ದ ಹಿಡಿಯ ಹಲಗೆ ತೂರಿಸುತ್ತಿರುವ ಒಬ್ಬ ಮನುಷ್ಯ. ಅವನು ನಿಂತಿರುವ ಭಂಗಿ ನೋಡಿ ನಿಮ್ಮನ್ನೇ ನೋಡಿದ ಹಾಗಾಯಿತು ಅಪ್ಪ.

ಈ ಯೂರಿಸೇಸಸ್ ಯಾರು ಅಂದರೆ, ಬಹುಶಃ ಮೊದಲು ಗುಲಾಮನಾಗಿದ್ದವನು. ಹುಟ್ಟಿನಿಂದಲೇ ಸ್ವತಂತ್ರನಾಗಿದ್ದ ರೋಮನ್ ತನ್ನ ಹೆಸರಿನ ಜೊತೆ ಇಂಥವರ ಮಗ ಅಂತ ಕೆತ್ತಿಸುತ್ತಿದ್ದ, ಇವನ ಗೋರಿಯಲ್ಲಿ ಅಪ್ಪನ ಹೆಸರಿಲ್ಲ. ಕೊನೆಯ ಹೆಸರು ಗ್ರೀಕ್. ಬಿಡುಗಡೆಯಾದ ಗುಲಾಮ ಯಜಮಾನನ ಮನೆತನದ ಹೆಸರನ್ನು ಮುಂದೆ ಹಾಕಿಕೊಂಡು ತನ್ನ ಹಳೇ ಹೆಸರನ್ನು ಕೊನೆಗೆ ಉಳಿಸಿಕೊಳ್ಳುತ್ತಿದ್ದ. ಕಾನೂನು ಪ್ರಕಾರ ಬಿಡುಗಡೆಯಾದರೆ ಅವನು ರೋಮ್‌ನ ಪ್ರಜೆಯೇ ಆಗಿಬಿಡುತ್ತಿದ್ದ. ದೊಡ್ಡ ಅಧಿಕಾರದ ಹುದ್ದೆಗಳು ಮಾತ್ರ ಅವನಿಗೆ ಸಿಗುತ್ತಿರಲಿಲ್ಲ. ದುಡ್ಡು ಮಾಡಬಹುದಿತ್ತು, ಮತ ಹಾಕಬಹುದಿತ್ತು. ಹಾಗೆ ಮೇಲೆ ಬಂದ ಈತ ಗೋರಿಯ ಮೇಲೆ ತಾನು ಬೇಕರಿಯವನು, ಸರ್ಕಾರದ ಗುತ್ತಿಗೆದಾರ ಅಂತ ಕೆತ್ತಿಸಿದ್ದಾನೆ. ಕೈಕೆಲಸ ಮಾಡಿ ಬದುಕುವವರನ್ನು ಕೀಳಾಗಿ ಕಾಣುತ್ತಿದ್ದ ಶ್ರೀಮಂತರ ಊರಲ್ಲಿ, ಎಲ್ಲರೂ ಓಡಾಡುವ ಹಾದಿಯ ಪಕ್ಕದಲ್ಲಿ! ಅಲ್ಲಿ ಸಿಕ್ಕ ಇನ್ನೊಂದು ಶಾಸನದಲ್ಲಿ ಅಟಿಸ್ಟಿಯಾ ಎಂಬ ಹೆಂಗಸಿನ ಹೆಸರಿದೆ, ಇವನ ಹೆಂಡತಿಯೇ ಇರಬೇಕು. ಅವಳ ದೇಹದ ಅವಶೇಷ ಈ ಬ್ರೆಡ್ ಬುಟ್ಟಿಯಲ್ಲಿದೆ ಅಂತ ಗಂಡ ಬರೆಸಿದ್ದಾನೆ. ಬದುಕಿದ್ದಾಗ ಬಹಳ ಒಳ್ಳೆಯವಳಾಗಿದ್ದಳು ಅಂತಲೂ ಇದೆ.

ಬೇಕರಿಯಲ್ಲಿ ಅಷ್ಟು ದುಡ್ಡು ಹೇಗೆ ಅಂತ ನೀವು ಕೇಳೇ ಕೇಳುತ್ತೀರಿ. ಊರು ಅಷ್ಟು ದೊಡ್ಡದು. ಬಡವರು ಹಲವು ಅಂತಸ್ತಿನ ಬಾಡಿಗೆ ಕಟ್ಟಡಗಳಲ್ಲಿ ಇರುತ್ತಿದ್ದರು, ಹೆಚ್ಚಿನ ಕೋಣೆಗಳಲ್ಲಿ ಓವನ್ ಇಡುವ ಜಾಗವೇ ಇರಲಿಲ್ಲ. ಕ್ರಿ.ಪೂ. 123ರಲ್ಲಿ ಗಾಯಸ್ ಗ್ರಾಕಸ್ ಎಂಬ ನಾಯಕ ಪ್ರಜೆಗಳಿಗೆ ಕಡಿಮೆ ಬೆಲೆಗೆ ಗೋಧಿ ಕೊಡುವ ಕಾನೂನು ತಂದ. ಕ್ರಿ.ಪೂ. 58ರಲ್ಲಿ ಕ್ಲೋಡಿಯಸ್ ಎಂಬ ಇನ್ನೊಬ್ಬ ನಾಯಕ ಅದನ್ನು ಪೂರ್ತಿ ಬಿಟ್ಟಿ ಮಾಡಿದ. ಪಡೆಯುವವರು 3,20,000 ಆಗಿದ್ದರು, ಜೂಲಿಯಸ್ ಸೀಸರ್ 1,50,000ಕ್ಕೆ ಇಳಿಸಿದ, ಅಗಸ್ಟಸ್ ಕಾಲದಲ್ಲಿ ಸುಮಾರು 2,00,000ಕ್ಕೆ ನಿಂತಿತು. ಒಬ್ಬೊಬ್ಬರಿಗೆ ತಿಂಗಳಿಗೆ ಸುಮಾರು 33 ಕಿಲೋ. ಅದನ್ನು ಬೀಸಿ ಬ್ರೆಡ್ ಮಾಡಿಕೊಡುವವರು ಬೇಕಲ್ವಾ? ಗುಲಾಮರಿಗೆ ಮಾತ್ರ ಈ ಪಡಿತರ ಇಲ್ಲ.

ಗೋಧಿ ಸಿಸಿಲಿಯಿಂದ, ಉತ್ತರ ಆಫ್ರಿಕಾದಿಂದ, ಈಜಿಪ್ಟ್‌ನಿಂದ ಹಡಗಿನಲ್ಲಿ ಬರಬೇಕಿತ್ತು. ಹಡಗು ತಡವಾದರೆ ಊರೇ ಕೆರಳುತ್ತಿತ್ತು. ಕ್ರಿ.ಶ. 51ರಲ್ಲಿ ಕಾಳು ಕಮ್ಮಿಯಾದಾಗ ಜನ ಚಕ್ರವರ್ತಿ ಕ್ಲಾಡಿಯಸ್‌ನನ್ನೇ ನಡುಬೀದಿಯಲ್ಲಿ ಸುತ್ತುವರಿದು ಬೈದು, ಒಣ ಬ್ರೆಡ್ ಚೂರುಗಳಿಂದ ಹೊಡೆದರಂತೆ. ಅವನು ಹಿಂಬಾಗಿಲಿನಿಂದ ಅರಮನೆ ಸೇರಿಕೊಳ್ಳಬೇಕಾಯಿತು. ಆಮೇಲೆ ಚಳಿಗಾಲದಲ್ಲೂ ಹಡಗು ಬಿಡುವ ವ್ಯಾಪಾರಿಗಳಿಗೆ, ಬಿರುಗಾಳಿಯಿಂದ ನಷ್ಟ ಆದರೆ ನಾನು ತುಂಬಿಕೊಡುತ್ತೇನೆ ಅಂತ ಮಾತು ಕೊಟ್ಟ.

ಇಷ್ಟು ಓದಿ ನಿಮಗೆ ಯೂರಿಸೇಸಸ್ ಮೇಲೆ ಗೌರವ ಬಂದಿರುತ್ತದೆ. ನನಗೂ ಇದೆ. ಆದರೆ ಪಾಂಪೇಯಿ ನೋಡಿ ಬಂದ ಮೇಲೆ ಆ ಕೆತ್ತನೆಯಲ್ಲಿ ಬಗ್ಗಿ ದುಡಿಯುವವರ ಕಡೆಗೇ ಮನಸ್ಸು ಎಳೆಯುತ್ತದೆ. ಕ್ರಿ.ಶ. 79ರಲ್ಲಿ ವೆಸೂವಿಯಸ್ ಜ್ವಾಲಾಮುಖಿ ಆ ಊರನ್ನು ಮುಚ್ಚಿತಲ್ಲ, ಅಲ್ಲಿ 30ಕ್ಕೂ ಹೆಚ್ಚು ಬೇಕರಿಗಳು ಸಿಕ್ಕಿವೆ. ಬೀಸುವ ಕಲ್ಲುಗಳು ಆಳೆತ್ತರದ ಡಮರುವಿನ ಹಾಗೆ, ಕರೀ ಲಾವಾ ಕಲ್ಲಿನವು. ಒಂದು ಬೇಕರಿಯ ಓವನ್‌ನಲ್ಲಿ 1862ರಲ್ಲಿ 81 ಬ್ರೆಡ್‌ಗಳು ಸುಟ್ಟು ಇದ್ದಲಾಗಿ ಸಿಕ್ಕವು, ದುಂಡಗಿದ್ದು ಎಂಟು ಭಾಗವಾಗಿ ಗೆರೆ ಹಾಕಿದಂಥವು. 2023ರಲ್ಲಿ ಅಲ್ಲೇ ಇನ್ನೊಂದು ಬೇಕರಿ ಬೆಳಕಿಗೆ ಬಂತು. ಇಕ್ಕಟ್ಟಾದ ಕೋಣೆ, ಎತ್ತರದಲ್ಲಿ ಕಬ್ಬಿಣದ ಸರಳು ಹಾಕಿದ ಪುಟ್ಟ ಕಿಟಕಿಗಳು, ಹೊರಗೆ ಹೋಗಲು ಬೀದಿಯ ಕಡೆ ಬಾಗಿಲೇ ಇಲ್ಲ. ಕತ್ತೆ ಮತ್ತು ಗುಲಾಮರನ್ನು ಒಟ್ಟಿಗೆ ಕೂಡಿಹಾಕಿ ಬೀಸಿಸುತ್ತಿದ್ದ ಜಾಗ. ಸುತ್ತುವಾಗ ಪ್ರಾಣಿಗಳ ಕಾಲು ಜಾರಬಾರದು, ಒಂದಕ್ಕೊಂದು ಡಿಕ್ಕಿ ಹೊಡೆಯಬಾರದು ಅಂತ ನೆಲದ ಕಲ್ಲಿನಲ್ಲಿ ಗುಳಿ ಕೆತ್ತಿದ್ದಾರೆ.

ಎರಡನೇ ಶತಮಾನದ ಲೇಖಕ ಅಪುಲೇಯಸ್ ಇಂಥ ಗಿರಣಿಯ ಆಳುಗಳನ್ನು ವರ್ಣಿಸಿದ್ದಾನೆ: ಹಣೆಗೆ ಬರೆ ಹಾಕಿದ ಗುರುತು, ಅರ್ಧ ಬೋಳಿಸಿದ ತಲೆ, ಕಾಲಿಗೆ ಬೇಡಿ, ಬೆನ್ನ ಮೇಲೆ ಬಾಸುಂಡೆ, ಮೈಯೆಲ್ಲ ಹಿಟ್ಟಿನ ಧೂಳು. ಇಡೀ ಊರಿಗೆ ಬ್ರೆಡ್ ಬರುತ್ತಿದ್ದದ್ದು ಇಂಥವರ ಕೈಯಿಂದ. ಯೂರಿಸೇಸಸ್ ಬೇಕರಿಯಲ್ಲೂ ಗುಲಾಮರು ಇದ್ದೇ ಇರಬೇಕು. ಆ ಬದುಕು ಅನುಭವಿಸಿ ಬಂದವನೇ ಮತ್ತೆ ಜನರನ್ನು ಕೊಂಡು ದುಡಿಸುತ್ತಿದ್ದ ಅನ್ನುವುದು ನನಗೆ ಅರಗುವುದೇ ಇಲ್ಲ. ಗುಲಾಮಗಿರಿಯಿಂದ ಹೊರಬಂದವರು ಲಕ್ಷಾಂತರ ಜನ, ಆದರೂ ಅದು ಇರಲೇಬಾರದು ಅಂತ ಅಲ್ಲಿ ಯಾವ ಚಳವಳಿಯೂ ಏಳಲಿಲ್ಲ. ನೀವು ಹುಡುಗನಾಗಿದ್ದಾಗ ಬೆಂಗಳೂರಿನ ಬೇಕರಿಯಲ್ಲಿ ಕೆಲಸ ಕಲಿಯುತ್ತಾ ಮೈದಾ ಮೂಟೆ ಮೇಲೆ ಮಲಗುತ್ತಿದ್ದಿರಿ, ಸಾಕಾಗಿ ಒಂದು ದಿನ ಬಿಟ್ಟು ಬಂದಿರಿ ಅಂತ ಅಮ್ಮ ಹೇಳುತ್ತಿದ್ದಳು. ಹಾಗೆ ಬಿಟ್ಟು ಬರುವುದಕ್ಕೇ ಇವರಿಗೆ ದಾರಿ ಇರಲಿಲ್ಲ.

ನೇಪಲ್ಸ್ ಮ್ಯೂಸಿಯಂನಲ್ಲಿ ಇದ್ದಲಾದ ಇನ್ನೊಂದು ಬ್ರೆಡ್ ಇದೆ, ಪಕ್ಕದ ಹರ್ಕ್ಯುಲೇನಿಯಂ ಊರಿನದು. ಅದರ ಮೇಲೆ ಮುದ್ರೆ ಒತ್ತಿದ್ದಾರೆ: ಕ್ವಿಂಟಸ್ ಗ್ರಾನಿಯಸ್ ವೇರಸ್‌ನ ಗುಲಾಮ ಸೆಲರ್‌ನದು. ನಾದಿದವನೋ ಬೇಯಿಸಲು ಕೊಟ್ಟವನೋ, ಹೆಸರಂತೂ ಉಳಿದಿದೆ.

ಫೋಟೋಗಳನ್ನು ತಮ್ಮನ ಫೋನಿಗೆ ಕಳಿಸಿದ್ದೇನೆ, ದೊಡ್ಡದು ಮಾಡಿ ತೋರಿಸು ಅನ್ನಿ. ನಾದುವ ಯಂತ್ರದ ಕೆತ್ತನೆ ಸರಿಯಾಗಿ ನೋಡಿ. ನಡುವಿನ ಕಂಬ ತಿರುಗಿದರೆ ಹಿಟ್ಟು ಅದಕ್ಕೇ ಸುತ್ತಿಕೊಳ್ಳುವುದಿಲ್ಲವೇ? ಪಕ್ಕದಲ್ಲಿ ಒಬ್ಬ ಕೈ ಒಳಗಿಟ್ಟು ನಿಂತಿರುವುದು ಅದನ್ನು ಬಿಡಿಸುವುದಕ್ಕೇನಾ? ನಿಮಗೆ ಏನು ತೋಚುತ್ತದೆ ಬರೆಯಿರಿ, ಇಲ್ಲಿ ನನಗೆ ಪಾಠ ಹೇಳುವ ಮೇಡಂಗೂ ತಿಳಿಸುತ್ತೇನೆ. ಅವರಿಗೆ ನಿಮ್ಮ ಬೇಕರಿ ವಿಷಯ ಹೇಳಿದಾಗಿನಿಂದ ಕೇಳುತ್ತಲೇ ಇದ್ದಾರೆ.

ಅಮ್ಮನಿಗೆ ನಮಸ್ಕಾರ ತಿಳಿಸಿ.

ನಿಮ್ಮ ಪ್ರೀತಿಯ ಮಗಳು