ಸ್ವಾಹಿಲಿ ಪ್ರೌಢಶಾಲೆಗೂ ಬರಲಿ

ಜುಲೈ 7ರ ವಿಶ್ವ ಸ್ವಾಹಿಲಿ ಭಾಷಾ ದಿನದ ಬಗ್ಗೆ ಪತ್ರಿಕೆಯಲ್ಲಿ ಬಂದ ವರದಿ ಆ ಭಾಷೆಯ ಹಿರಿಮೆಯನ್ನಷ್ಟೇ ಹೇಳಿ, ಪೂರ್ವ ಆಫ್ರಿಕಾದ ಟಾಂಜಾನಿಯಾದ ಶಾಲೆಗಳಲ್ಲಿ ಅದಕ್ಕಿರುವ ಅರೆಬರೆ ಸ್ಥಾನವನ್ನು ಬಿಟ್ಟುಬಿಟ್ಟಿದೆ. ನೂರಕ್ಕೂ ಹೆಚ್ಚು ಭಾಷೆಗಳಿರುವ ಆ ದೇಶವನ್ನು ಅದರ ಮೊದಲ ಅಧ್ಯಕ್ಷ ಜೂಲಿಯಸ್ ನ್ಯೆರೆರೆ ಸ್ವಾಹಿಲಿಯಿಂದಲೇ ಬೆಸೆದರು. ಸರ್ಕಾರಿ ಶಾಲೆಗಳ ಪ್ರಾಥಮಿಕ ಶಿಕ್ಷಣ 1967ರಿಂದ ಅದರಲ್ಲೇ ನಡೆಯುತ್ತಿದೆ. ಪ್ರೌಢಶಾಲೆಗೆ ಬಂದೊಡನೆ ಮಾಧ್ಯಮ ಇಂಗ್ಲಿಷಿಗೆ ತಿರುಗುತ್ತದೆ! ಸ್ವಾಹಿಲಿಯಲ್ಲಿ ಭಿನ್ನರಾಶಿ ಕಲಿತ ಮಗು ಬೀಜಗಣಿತವನ್ನು ಇಂಗ್ಲಿಷಿನಲ್ಲಿ ಎದುರಿಸಬೇಕು. ಮಕ್ಕಳಿಗೆ ಅರ್ಥವಾಗಲೆಂದು ಎಷ್ಟೋ ಶಿಕ್ಷಕರು ಸ್ವಾಹಿಲಿಗೇ ಮರಳುತ್ತಾರೆ; ಉತ್ತರ ಬರೆಯಬೇಕಾದದ್ದು ಮಾತ್ರ ಇಂಗ್ಲಿಷಿನಲ್ಲಿ. ಇದು ಅನ್ಯಾಯ. 2022ರಲ್ಲಿ ಆಫ್ರಿಕಾ ಒಕ್ಕೂಟವೇ ಕಾರ್ಯಭಾಷೆಯಾಗಿ ಒಪ್ಪಿಕೊಂಡ ನುಡಿಗೆ ರಸಾಯನಶಾಸ್ತ್ರ ಹೇಳಿಕೊಡುವ ಶಕ್ತಿಯಿಲ್ಲವೇ? ಕನ್ನಡ ಮಾಧ್ಯಮದ ಬಗ್ಗೆ ಚರ್ಚಿಸುವ ನಮಗೂ ಈ ಅನುಭವ ತಿಳಿದಿರಬೇಕು. ಅಲ್ಲಿನ ಶಿಕ್ಷಕರನ್ನೇ ಮಾತನಾಡಿಸಿ ಪತ್ರಿಕೆ ಒಂದು ವಿಸ್ತೃತ ಲೇಖನ ಪ್ರಕಟಿಸಲಿ.

– ಓರ್ವ ಶಿಕ್ಷಕಿ, ಧಾರವಾಡ