ನಿನ್ನ ಮಾಸ್ತರು ಡಬ್ಬಿಗೆ ದುಡ್ಡು ಹಾಕಿದರೇ?

ಪ್ರೀತಿಯ ತಂಗೀ,

ಕಥೆ ತಲುಪಿತು, ಓದಿದೆ. ಮಾಸ್ತರ ಮನೆ ಬಿಚ್ಚುವ ಭಾಗ ಬಹಳ ಚೆನ್ನಾಗಿ ಬಂದಿದೆ. ಹಂಚು ಇಳಿಸಿ, ಎಣಿಸಿ ಲಾರಿಗೆ ಹೇರುವುದು, ಬಾಗಿಲ ದಾರಂದಕ್ಕೆ ಗೋಣಿಚೀಲ ಸುತ್ತಿ ಕಟ್ಟುವುದು, ಎಲ್ಲ ಹೇರಿ ಆದಮೇಲೆ ಬಾವಿ ಮಾತ್ರ ಅಲ್ಲೇ ಉಳಿಯಿತಲ್ಲ ಎಂದು ಅವರ ಹೆಂಡತಿ ಕೊಡಪಾನ ಹಿಡಿದು ನಿಲ್ಲುವುದು. ಕಾರವಾರದ ನೌಕಾನೆಲೆಗೆ ಜಾಗ ಬಿಟ್ಟುಕೊಟ್ಟವರ ಬಗ್ಗೆ ಭಾಷಣಗಳನ್ನು ಬೇಕಾದಷ್ಟು ಕೇಳಿದ್ದೇನೆ. ಹಂಚು ಎಣಿಸಿದ್ದನ್ನು ಬರೆದವರು ಕಡಿಮೆ.

ಆದರೆ ಕಾರ್ಗಿಲ್ ಯುದ್ಧ ಶುರುವಾಗುತ್ತಿದ್ದ ಹಾಗೆ ಕಥೆಯ ಕಾಲು ಸೋಲುತ್ತದೆ. ‘ಮಾಸ್ತರು ಶಾಂತಿವಾದಿಯಾಗಿದ್ದರು’ ಎಂದು ಒಂದು ವಾಕ್ಯ ಬರೆದೆ ನೋಡು, ಅಲ್ಲಿಂದ ಮುಂದೆ ನೀನು ಮಾಸ್ತರ ಮುಖ ನೋಡುವುದನ್ನೇ ಬಿಟ್ಟೆ. ಶಾಂತಿವಾದಿಯಾದವನು ಏನು ಮಾತಾಡಬೇಕೋ ಅದನ್ನೇ ಅವರು ಮಾತಾಡುತ್ತಾರೆ. ಅಂಥವನಿಗೆ ಊರವರು ಏನು ಬಯ್ಯಬೇಕೋ ಅದನ್ನೇ ಬಯ್ಯುತ್ತಾರೆ. ‘ಶಾಂತಿವಾದಿ ಅನ್ನಲೋ, ಯುದ್ಧವಿರೋಧಿ ಅನ್ನಲೋ, ಯಾವುದು ಸರಿ ಸರ್?’ ಎಂದು ಜೊತೆಗಿಟ್ಟ ಚೀಟಿಯಲ್ಲಿ ಕೇಳಿದ್ದೀಯಲ್ಲ, ಅದಕ್ಕೆ ನಾನು ಉತ್ತರ ಹೇಳುವ ಮೊದಲು ನೀನು ಒಂದು ಹೇಳಬೇಕು. ಮಾಸ್ತರು ಬೇಡ ಎಂದದ್ದು ಯಾವುದನ್ನು? ಎಲ್ಲ ಯುದ್ಧವನ್ನೋ, ಈ ಒಂದು ಯುದ್ಧವನ್ನೋ, ಯುದ್ಧದ ಹೆಸರಲ್ಲಿ ಆಗುತ್ತಿದ್ದ ಕೂಗಾಟವನ್ನೋ?

ನಮ್ಮ ಶಿರಸಿಯ ಅಡಿಕೆ ವಖಾರಿಗೆ ಹೋಗಿ ‘ಇವತ್ತು ಅಡಿಕೆಗೆ ದರ ಎಷ್ಟು?’ ಎಂದು ಕೇಳಿ ನೋಡು. ‘ಯಾವುದಕ್ಕೆ? ರಾಶಿಗೋ, ಚಾಲಿಗೋ, ಬೆಟ್ಟೆಗೋ, ಬಿಳಿಗೋಟಿಗೋ?’ ಎಂದು ತಿರುಗಿ ಕೇಳುತ್ತಾರೆ. ಯುದ್ಧ ಬೇಡ ಎನ್ನುವವರಲ್ಲೂ ಹಾಗೆಯೇ ತರಾವರಿ ಉಂಟು.

ಇಂಗ್ಲಿಷಿನ ಪ್ಯಾಸಿಫಿಸ್ಟನ್ನು ನಾವು ಶಾಂತಿವಾದಿ ಮಾಡಿಕೊಂಡೆವು. ಆ ಶಬ್ದಕ್ಕೆ ಅಂಥ ವಯಸ್ಸೇನೂ ಆಗಿಲ್ಲ. 1901ರಲ್ಲಿ ಗ್ಲಾಸ್ಗೋದಲ್ಲಿ ನಡೆದ ಶಾಂತಿ ಸಮ್ಮೇಳನದಲ್ಲಿ ಫ್ರಾನ್ಸಿನ ಎಮಿಲ್ ಆರ್ನೋ ‘ಪ್ಯಾಸಿಫಿಸ್ಮ್’ ಎಂಬ ಹೆಸರನ್ನು ಮುಂದಿಟ್ಟರು. ಆ ಚಳವಳಿಯವರು ತಮಗೆ ತಾವೇ ಇಟ್ಟುಕೊಂಡ ಹೆಸರು ಅದು. ದೇಶ ದೇಶಗಳ ವ್ಯಾಜ್ಯವನ್ನು ಮಧ್ಯಸ್ಥಿಕೆ, ನ್ಯಾಯಾಲಯ, ಒಪ್ಪಂದಗಳಿಂದ ತೀರಿಸಿಕೊಳ್ಳಬೇಕು ಎನ್ನುವವರೆಲ್ಲ ಅದರೊಳಗೆ ಹಿಡಿಸುತ್ತಿದ್ದರು. ಮೇಲೆ ಬಿದ್ದು ಬಂದವನನ್ನು ತಡೆಯಲು ಆಯುಧ ಎತ್ತಬಹುದು ಎನ್ನುವವರೂ ಆ ಗುಂಪಿನಲ್ಲಿದ್ದರು. ಯಾವ ಕಾರಣಕ್ಕೂ, ಯಾವ ಯುದ್ಧಕ್ಕೂ ಒಪ್ಪದವನು ಎಂಬ ಬಿಗಿಯಾದ ಅರ್ಥ ಗಟ್ಟಿಯಾದದ್ದು ಮೊದಲನೆಯ ಮಹಾಯುದ್ಧದ ನಂತರ. ಅಲ್ಲಿಯೂ ಮನುಷ್ಯರು ಶಬ್ದದೊಳಗೆ ಸುಮ್ಮನೆ ಕೂರಲಿಲ್ಲ. ಮೊದಲ ಮಹಾಯುದ್ಧವನ್ನು ವಿರೋಧಿಸಿ 1918ರಲ್ಲಿ ಜೈಲಿಗೆ ಹೋದ ಬರ್ಟ್ರಂಡ್ ರಸೆಲ್, ಎರಡನೆಯದರಲ್ಲಿ ಹಿಟ್ಲರನನ್ನು ಎದುರಿಸಲೇಬೇಕು ಎಂದರು. ಸೈನ್ಯಕ್ಕೆ ಸೇರಬೇಡಿ ಎಂದು ಹುಡುಗರಿಗೆ ಹೇಳುತ್ತಿದ್ದ ಐನ್‌ಸ್ಟೈನ್, 1933ರಲ್ಲಿ, ‘ನಾನು ಬೆಲ್ಜಿಯಮ್ಮಿನವನಾಗಿದ್ದರೆ ಈಗ ಸೇರಲು ನಿರಾಕರಿಸುತ್ತಿರಲಿಲ್ಲ’ ಎಂಬ ಅರ್ಥದಲ್ಲಿ ಬರೆದರು. ಶಾಂತಿವಾದಿ ಎಂದು ಬರೆಯುವಾಗ ಇಸವಿಯನ್ನೂ ಬರೆಯಬೇಕಾಗುತ್ತದೆ, ಗೊತ್ತಾಯಿತಲ್ಲ.

ಉಳಿದ ಹೆಸರುಗಳಲ್ಲಿ ಹೆಚ್ಚಿನವು ಎದುರಿನವರು ಇಟ್ಟವು. ಬ್ರಿಟನ್ನಿನಲ್ಲಿ 1916ರಲ್ಲಿ ಕಡ್ಡಾಯ ಸೈನ್ಯ ಸೇರ್ಪಡೆಯ ಕಾನೂನು ಬಂದಾಗ ಆತ್ಮಸಾಕ್ಷಿಯ ಕಾರಣ ಕೊಟ್ಟು ನಿರಾಕರಿಸಿದವರು ಸುಮಾರು 16,000 ಮಂದಿ. ಬೀದಿಯವರು ಆತ್ಮಸಾಕ್ಷಿಯ ಇಂಗ್ಲಿಷ್ ಶಬ್ದವನ್ನೇ ಮೊಟಕು ಮಾಡಿ ಅವರನ್ನು ‘ಕಾಂಚಿ’ ಎಂದು ಕರೆದರು. ಯೂನಿಫಾರ್ಮು ತೊಡದೆ ಓಡಾಡುವ ಗಂಡಸರ ಕೈಗೆ ಹೆಂಗಸರು ಬಿಳಿ ಗರಿ ಕೊಟ್ಟು, ನೀನು ಹೇಡಿ ಎಂದು ಹೇಳುವ ಕ್ರಮ 1914ರಿಂದಲೇ ಇತ್ತು. 1957ರಲ್ಲಿ ರಷ್ಯಾ ಸ್ಪುಟ್ನಿಕ್ ಹಾರಿಸಿದ ಮೇಲೆ ಅಮೆರಿಕದಲ್ಲಿ ‘ನಿಕ್’ ಎಂಬ ಬಾಲವನ್ನು ಕಂಡಕಂಡ ಶಬ್ದಕ್ಕೆ ಅಂಟಿಸುವ ಚಟ ಹತ್ತಿತು. ವಿಯೆಟ್ನಾಂ ಯುದ್ಧ ಬೇಡ ಎಂದ ಹುಡುಗರು ‘ಪೀಸ್‌ನಿಕ್’ ಆದರು. ಬಾಲದಲ್ಲೇ ರಷ್ಯಾದ ವಾಸನೆ. ಬಯ್ದವರಿಗೆ ಅರ್ಧ ಕೆಲಸ ಅಲ್ಲಿಗೇ ಮುಗಿಯಿತು.

ಕನ್ನಡದಲ್ಲಿ ನಮಗೆ ಬಾಲ ಅಂಟಿಸುವ ಶ್ರಮವೂ ಬೇಡ. ಶಬ್ದ ಅದೇ ಇರಲಿ, ರಾಗ ಬದಲಿಸಿದರೆ ಆಯಿತು. ‘ಬಂದ್ರಪ್ಪಾ ಶಾಂತಿದೂತರು’, ‘ಇವನೊಬ್ಬ ದೊಡ್ಡ ಗಾಂಧಿ’. ಶಾಂತಿಪ್ರಿಯ ಎಂಬುದು ಇನ್ನೊಂದು ತಮಾಷೆ. ತಾನು ಶಾಂತಿಪ್ರಿಯನಲ್ಲ ಎಂದ ಸರ್ಕಾರವನ್ನು ನಾನು ಈವರೆಗೆ ಕೇಳಿಲ್ಲ. ಅಹಿಂಸಾವಾದಿ ಎಂದು ಬರೆದೆಯೋ, ನಿನ್ನ ಕಾರವಾರದ ಮಾಸ್ತರು ಮಧ್ಯಾಹ್ನ ಬಾಂಗಡೆ ಮೀನಿನ ಸಾರಿನಲ್ಲಿ ಉಣ್ಣುವುದನ್ನು ಕಂಡ ಓದುಗ ನಗುತ್ತಾನೆ. ಯುದ್ಧವಿರೋಧಿ ಇದ್ದುದರಲ್ಲಿ ಪ್ರಾಮಾಣಿಕ. ಎದುರಿಗೆ ಒಂದು ಯುದ್ಧ ಇಲ್ಲದಿದ್ದರೆ ಆ ಶಬ್ದಕ್ಕೆ ಕೆಲಸವೇ ಇಲ್ಲ. ಆದರೂ ಅದು ವರದಿಯ ಶಬ್ದ, ಕಥೆಯದಲ್ಲ.

ಹೀಗಾಗಿ ಮೊದಲು ನೋಡಬೇಕಾದ್ದು, ಆ ಶಬ್ದ ಯಾರ ಬಾಯಲ್ಲಿದೆ ಎಂಬುದನ್ನು. ನಿನ್ನ ಕಥೆಯ ಚಾ ಅಂಗಡಿಯಲ್ಲಿ ದೋಣಿಯಿಂದ ಇಳಿದು ಬಂದ ಒಬ್ಬ ‘ಮಾಸ್ತರೇ, ನೀವು ಶಾಂತಿವಾದಿಗಳು, ನಿಮಗೆ ಇದು ಅರ್ಥವಾಗುವುದಿಲ್ಲ’ ಎನ್ನುತ್ತಾನೆ. ಯಾವ ಊರಲ್ಲಿ, ಮಾರಾಯ್ತಿ? ಅಲ್ಲಿ ಮಾತು ನಡೆಯುವುದು ಕೊಂಕಣಿಯಲ್ಲಿ. ಮಾಸ್ತರು ‘ಝೂಜ ನಾಕಾ’, ಯುದ್ಧ ಬೇಡ, ಎಂದಿರುತ್ತಾರೆ, ಅಷ್ಟೇ. ಅದಕ್ಕೆ ಎದುರಿನವನು ಯಾವ ವಾದದ ಹೆಸರನ್ನೂ ತೆಗೆದಿರಲಾರ. ‘ನಿಮ್ಮ ಮಗ ಬ್ಯಾಂಕಿನಲ್ಲಿದ್ದಾನೆ, ನಿಮಗೇನು’ ಎಂದಿರುತ್ತಾನೆ. ಈ ಎರಡನೆಯ ಮಾತು ಬಂದರೆ ನಿನ್ನ ಅಂಗಡಿಯ ಬೆಂಚಿಗೆ ಜೀವ ಬರುತ್ತದೆ.

ಇನ್ನು ನಮ್ಮದೇ ಚರಿತ್ರೆ ನೋಡು. 1940ರ ಅಕ್ಟೋಬರ್ 17ರಂದು ಗಾಂಧಿಯವರ ಶಿಷ್ಯ ವಿನೋಬಾ ಭಾವೆ ವಾರ್ಧಾ ಹತ್ತಿರದ ಪವನಾರದಲ್ಲಿ ಯುದ್ಧದ ವಿರುದ್ಧ ಮಾತಾಡಿ ವೈಯಕ್ತಿಕ ಸತ್ಯಾಗ್ರಹ ಶುರುಮಾಡಿದರು. ಸತ್ಯಾಗ್ರಹಿ ಮೊದಲೇ ಅಧಿಕಾರಿಗಳಿಗೆ ತಿಳಿಸಬೇಕು: ಇಂಥ ದಿನ, ಇಂಥ ಜಾಗದಲ್ಲಿ ಹೀಗೆ ಹೇಳುತ್ತೇನೆ ಎಂದು. ಆಮೇಲೆ ಹೋಗಿ ಹೇಳುವುದು, ಹಿಡಿದರೆ ಜೈಲಿಗೆ. ಮುಂದಿನ ಮೇ ತಿಂಗಳ ಹೊತ್ತಿಗೆ 25,000ಕ್ಕೂ ಹೆಚ್ಚು ಜನರಿಗೆ ಶಿಕ್ಷೆಯಾಗಿತ್ತು. ಅವರು ಹೇಳುತ್ತಿದ್ದ ಘೋಷಣೆಯಲ್ಲಿ ಎರಡು ಮಾತಿವೆ. ಬ್ರಿಟಿಷರ ಯುದ್ಧಕ್ಕೆ ಜನ, ಧನ ಕೊಡುವುದು ತಪ್ಪು ಎಂಬುದು ಒಂದು. ಯುದ್ಧ ಯಾವುದೇ ಇರಲಿ, ಅದನ್ನು ಅಹಿಂಸೆಯಿಂದ ಎದುರಿಸುವುದೇ ಸರಿ ಎಂಬುದು ಇನ್ನೊಂದು. ಮೊದಲನೆಯದು ಸ್ವಾತಂತ್ರ್ಯ ಹೋರಾಟಗಾರನ ಮಾತು: ನಮ್ಮನ್ನು ಕೇಳದೆ ನಮ್ಮನ್ನು ಯುದ್ಧಕ್ಕೆ ಎಳೆದಿರಿ. ಎರಡನೆಯದು ಗಾಂಧಿಯವರ ಮಾತು. ಅದೇ ವರ್ಷದ ಜುಲೈಯಲ್ಲಿ ಕಾಂಗ್ರೆಸ್ಸು, ಸ್ವಾತಂತ್ರ್ಯದ ಭರವಸೆ ಕೊಟ್ಟರೆ ಯುದ್ಧಕ್ಕೆ ನೆರವಾಗಲು ಸಿದ್ಧ ಎಂದಿತ್ತು. ಅದಕ್ಕೆ ಗಾಂಧಿಯವರ ಒಪ್ಪಿಗೆ ಇರಲಿಲ್ಲ. ಇದೇ ಗಾಂಧಿ 1918ರಲ್ಲಿ ಖೇಡಾದ ಹಳ್ಳಿಗಳಲ್ಲಿ ಬ್ರಿಟಿಷ್ ಸೈನ್ಯಕ್ಕೆ ಜನ ಸೇರಿಸಲು ಓಡಾಡಿದ್ದರು, ಅದನ್ನೂ ಮರೆಯಬೇಡ. 1940ರಲ್ಲಿ ಒಂದೇ ಘೋಷಣೆ ಕೂಗಿ ಜೈಲಿಗೆ ಹೋದವರಲ್ಲಿ ಯಾರ ಮನಸ್ಸು ಮೊದಲ ವಾಕ್ಯದಲ್ಲಿತ್ತು, ಯಾರದು ಎರಡನೆಯದರಲ್ಲಿ? ಅಂಕೋಲೆಯ ಉಪ್ಪಿನ ಸತ್ಯಾಗ್ರಹ, ಸಿದ್ದಾಪುರದ ಕರನಿರಾಕರಣೆ ಕಂಡ ನಮ್ಮ ಜಿಲ್ಲೆಯಲ್ಲಿ ಇಂಥವರ ಮೊಮ್ಮಕ್ಕಳು ಇನ್ನೂ ಇದ್ದಾರೆ. ಹೋಗಿ ಮಾತಾಡಿಸು. ಆ ಎರಡು ವಾಕ್ಯಗಳ ನಡುವಿನ ಸಂದಿಯಲ್ಲಿ ಒಂದು ಕಾದಂಬರಿಗೆ ಜಾಗವಿದೆ.

ವೇಷವಿಲ್ಲದೆ ಕೂತು ಮಾತಿನಲ್ಲೇ ನಡೆಸುವ ಯಕ್ಷಗಾನ, ನಮ್ಮ ತಾಳಮದ್ದಳೆ, ಕೇಳುತ್ತೀಯೋ ಇಲ್ಲವೋ ಗೊತ್ತಿಲ್ಲ. ನಿನ್ನ ವಯಸ್ಸಿನವರು ಈಗ ಬರುವುದು ಕಡಿಮೆ. ಕೃಷ್ಣಸಂಧಾನ ಒಂದು ರಾತ್ರಿ ಕೂತು ಕೇಳು. ಕುರುಕ್ಷೇತ್ರ ಬೇಡ ಎಂದವರು ಎಷ್ಟು ಮಂದಿ! ಧರ್ಮರಾಯ ಐದು ಊರು ಕೊಟ್ಟರೂ ಸಾಕು ಎಂದ. ವಿದುರ ಬಿಲ್ಲು ಮುರಿದೇ ಹಾಕಿದ. ಆದರೆ ಅದನ್ನು ಮುರಿಸಿದ್ದು ಕೌರವನ ಬಾಯಿಂದ ಬಂದ ಅವಮಾನ. ಬಲರಾಮನಿಗೆ ಭೀಮನೂ ಶಿಷ್ಯ, ದುರ್ಯೋಧನನೂ ಶಿಷ್ಯ, ಅವನು ತೀರ್ಥಯಾತ್ರೆಗೆ ನಡೆದ. ಹಾಗೆ ನಡೆದವನು ಶಾಂತಮೂರ್ತಿಯೇ? ಕೊನೆಯ ಗದಾಯುದ್ಧಕ್ಕೆ ವಾಪಸು ಬಂದು ಭೀಮನ ಮೇಲೆ ನೇಗಿಲೆತ್ತಿದವನು ಅವನೇ. ಅರ್ಜುನ ರಥದಲ್ಲಿ ಕುಸಿದದ್ದು ಎದುರಿಗೆ ಅಜ್ಜ, ಗುರು ನಿಂತಿದ್ದರು ಎಂಬುದಕ್ಕೆ. ಬೇರೆಯವರ ಅಜ್ಜಂದಿರು ನಿಂತಿದ್ದಾಗ ಅವನ ಕೈ ನಡುಗಿದ್ದು ನಾವು ಕಾಣೆವು. ಕೃಷ್ಣ ಆಯುಧ ಹಿಡಿಯುವುದಿಲ್ಲ ಎಂದ, ಲಗಾಮು ಹಿಡಿದ. ಈ ಕೊನೆಯ ಬಗೆಯವನೊಬ್ಬ ಎರಡನೆಯ ಮಹಾಯುದ್ಧದಲ್ಲೂ ಇದ್ದ. ಅಮೆರಿಕದ ಡೆಸ್ಮಂಡ್ ಡಾಸ್ ಸೈನ್ಯಕ್ಕೆ ಸೇರಿ ಬಂದೂಕು ಮಾತ್ರ ಮುಟ್ಟುವುದಿಲ್ಲ ಎಂದು ಹಟ ಹಿಡಿದ. 1945ರಲ್ಲಿ ಓಕಿನಾವಾದ ಕಡಿದಾದ ಗುಡ್ಡದ ಮೇಲಿಂದ ಗಾಯಾಳುಗಳನ್ನು ಒಬ್ಬೊಬ್ಬರನ್ನಾಗಿ ಹಗ್ಗದಲ್ಲಿ ಇಳಿಸಿ ಉಳಿಸಿದ. ಇವರಷ್ಟೂ ಜನರಿಗೆ ಶಾಂತಿವಾದಿ ಎಂದು ಒಂದೇ ಚೀಟಿ ಅಂಟಿಸಿ ಕೂರಿಸಿದರೆ ಪಾತ್ರ ವಹಿಸುವ ಅರ್ಥಧಾರಿಗಳಿಗೆ ಬೆಳಗಿನ ತನಕ ಮಾತಾಡಲು ಏನು ಉಳಿಯುತ್ತದೆ? ಒಳ್ಳೆಯ ಅರ್ಥಧಾರಿ ವಿದುರನಾಗಿ ಕೂತಾಗ ತನ್ನ ನಿಲುವಿನ ಹೆಸರು ಹೇಳುವುದಿಲ್ಲ, ಆ ಬಿಲ್ಲು ತನಗೆ ಎಲ್ಲಿಂದ ಬಂತು ಎಂದು ಹೇಳುತ್ತಾನೆ.

ಈಗ ನಿನ್ನ ಊರಿನ ವಿಷಯ. ಇಲ್ಲಿ ನೀನು ತುಸು ಅವಸರ ಮಾಡಿದ್ದೀಯ. ಮಾಸ್ತರು ನೌಕಾನೆಲೆಗೆ ಮನೆ ಕಳೆದುಕೊಂಡರು, ಆದ್ದರಿಂದ ಯುದ್ಧವಿರೋಧಿಯಾದರು ಎಂಬ ಲೆಕ್ಕ ಅಷ್ಟು ಸಲೀಸಾಗಿ ಕೂಡುವುದಿಲ್ಲ. ಅರ್ಗಾ, ಬಿಣಗಾ, ಚೆಂಡಿಯಾ ಕಡೆಯಲ್ಲಿ ಜಾಗ ಬಿಟ್ಟವರು ಪರಿಹಾರಕ್ಕಾಗಿ ವರ್ಷಗಟ್ಟಲೆ ಕೋರ್ಟು ಕಚೇರಿ ಅಲೆದರು. ಅವರೇ ಮಗನಿಗೆ ನೆಲೆಯಲ್ಲಿ ಕೆಲಸ ಸಿಗಲಿ ಎಂದೂ ಬಯಸಿದರು. ಕಾರ್ಗಿಲ್ಲಿನಿಂದ ಸುದ್ದಿ ಬಂದಾಗ ಅವರ ಮನೆಯ ಮಕ್ಕಳು ಪಟಾಕಿ ಹೊಡೆದಿದ್ದರೆ ಅದರಲ್ಲಿ ಸೋಜಿಗ ಏನೂ ಇಲ್ಲ. ನೆಲೆಗೆ ವಿರೋಧ ಬೇರೆ, ಯುದ್ಧಕ್ಕೆ ವಿರೋಧ ಬೇರೆ. ಒಬ್ಬನಲ್ಲೇ ಎರಡೂ ಇರಬಹುದು, ಒಂದಿದ್ದು ಇನ್ನೊಂದು ಇಲ್ಲದಿರಬಹುದು. ಮತ್ತೆ, ಮಾಸ್ತರನ್ನು ಚೆಂಡಿಯಾದವರನ್ನಾಗಿ ಮಾಡಿದ ಮೇಲೆ ಮೇಜರ್ ರಾಮ ರಾಘೋಬ ರಾಣೆಯವರ ಹೆಸರೇ ಬಾರದಿದ್ದರೆ ಹೇಗೆ? ಅದೇ ಊರಲ್ಲಿ 1918ರಲ್ಲಿ ಹುಟ್ಟಿದವರು. ಬದುಕಿದ್ದಾಗಲೇ ಪರಮವೀರ ಚಕ್ರ ಪಡೆದವರಲ್ಲಿ ಮೊದಲಿಗರು. 1948ರ ಏಪ್ರಿಲಿನಲ್ಲಿ ಜಮ್ಮು ಕಾಶ್ಮೀರದ ನೌಶೇರಾದಿಂದ ರಜೌರಿಗೆ ಹೋಗುವ ದಾರಿಯಲ್ಲಿ, ಗುಂಡು ಹಾರುತ್ತಿರುವಾಗಲೇ, ಗಾಯವಾಗಿದ್ದರೂ ಬಿಡದೆ, ಟ್ಯಾಂಕುಗಳ ಮುಂದೆ ನೆಲಬಾಂಬು ತೆಗೆಯುತ್ತ, ಕಡಿದು ಉರುಳಿಸಿದ ಮರಗಳನ್ನು ಸರಿಸುತ್ತ ಹೋದವರು. ಇಂಥವರ ಊರಲ್ಲಿ ಕೂತು ಯುದ್ಧ ಬೇಡ ಎನ್ನುವುದು ಸುಲಭವಲ್ಲ. ಮಾಸ್ತರು ಶಾಲೆಯಲ್ಲಿ ಮಕ್ಕಳಿಗೆ ರಾಣೆಯವರ ಪಾಠ ಹೇಳಿದ್ದಿರಬೇಕು. ಹೇಗೆ ಹೇಳಿದರು? ನನಗೆ ಆ ತರಗತಿ ಬೇಕು. ಶೌರ್ಯವನ್ನು ಮೆಚ್ಚಿಯೂ ಯುದ್ಧವನ್ನು ಒಪ್ಪದ ಮನುಷ್ಯ ಎಂದು ನೀನು ಒಂದು ಸಾಲಿನಲ್ಲಿ ಮುಗಿಸಬೇಡ. ಪಾಠದ ನಡುವೆ ಯಾವುದೋ ಹುಡುಗ ಒಂದು ಪ್ರಶ್ನೆ ಕೇಳಲಿ.

ಟಾಗೋರರನ್ನು ತಂದಿದ್ದೀಯ, ಕಡಲತೀರಕ್ಕೆ ಅವರ ಹೆಸರಿದೆ ಎಂಬ ಕಾರಣಕ್ಕೆ. ಅಣ್ಣ ಸತ್ಯೇಂದ್ರನಾಥರು ಕಾರವಾರದಲ್ಲಿ ನ್ಯಾಯಾಧೀಶರಾಗಿದ್ದಾಗ ಬಂದು ಉಳಿದಿದ್ದರು ಎಂಬುದು ಎಲ್ಲರಿಗೂ ಗೊತ್ತು. ಅಷ್ಟಕ್ಕೇ ತರುವುದಾದರೆ ಬೇಡ. ತರಲೇಬೇಕೆಂದಿದ್ದರೆ 1938ರ ಟಾಗೋರರನ್ನು ತಾ. ಜಪಾನು ಚೀನಾದ ಮೇಲೆ ಬಿದ್ದಿತ್ತು. ಅವರ ಸ್ನೇಹಿತ, ಜಪಾನೀ ಕವಿ ಯೋನೆ ನೊಗುಚಿ, ಈ ಯುದ್ಧ ಏಷ್ಯಾದ ಒಳ್ಳೆಯದಕ್ಕೇ ಎಂದು ಸಮರ್ಥಿಸಿ ಪತ್ರ ಬರೆದರು. ಟಾಗೋರರು ಒಪ್ಪಲಿಲ್ಲ. ಕೊನೆಗೆ, ನಾನು ಪ್ರೀತಿಸುವ ನಿಮ್ಮ ಜನರಿಗೆ ಗೆಲುವನ್ನು ಹಾರೈಸಲಾರೆ, ಪಶ್ಚಾತ್ತಾಪವನ್ನು ಹಾರೈಸುತ್ತೇನೆ ಎಂಬರ್ಥದ ಮಾತು ಬರೆದು ಪತ್ರ ಮುಗಿಸಿದರು. ಸ್ನೇಹಿತನಿಗೆ ಹಾಗೆ ಬರೆಯುವುದಕ್ಕೆ ಎದೆ ಬೇಕು. ಮಾಸ್ತರಿಗೆ ಓದುವ ಚಟವಿದೆ ಎಂದಿದ್ದೀಯ, ಈ ಪತ್ರ ಅವರ ಕೈಗೆ ಸಿಕ್ಕಿರಬಹುದು.

ಇಷ್ಟೆಲ್ಲ ಹೇಳಿ ನಾನು ಕೇಳಬೇಕೆಂದಿದ್ದ ಪ್ರಶ್ನೆಗೆ ಬರುತ್ತೇನೆ. ಕಾರ್ಗಿಲ್ ಯೋಧರ ನಿಧಿಗೆ ಶಾಲೆಯ ಮಕ್ಕಳು ಡಬ್ಬಿ ಹಿಡಿದು ಮನೆಮನೆಗೆ ಬರುವ ಒಂದು ದೃಶ್ಯ ನಿನ್ನಲ್ಲಿದೆ. ಮಾಸ್ತರ ಮನೆಯ ಅಂಗಳದವರೆಗೆ ಅವರನ್ನು ತಂದೆ, ಅಲ್ಲಿಗೆ ಬಿಟ್ಟು ಮುಂದಿನ ಅಧ್ಯಾಯಕ್ಕೆ ಜಿಗಿದೆ! ಡಬ್ಬಿಗೆ ಅವರು ದುಡ್ಡು ಹಾಕಿದರೇ? ಹಾಕಿದರೆ, ಸತ್ತವರ ಮನೆಯವರಿಗೆ ಎಂದು ಹಾಕಿದರೋ, ತಾನು ಕಲಿಸಿದ ಮಕ್ಕಳ ಮುಖ ನೋಡಿ ಹಾಕಿದರೋ, ಪಕ್ಕದ ಮನೆಯವರು ನೋಡುತ್ತಿದ್ದಾರೆ ಎಂದು ಹಾಕಿದರೋ? ಹಾಕದಿದ್ದರೆ, ಆ ಮಕ್ಕಳಿಗೆ ಏನೆಂದು ಹೇಳಿ ಕಳಿಸಿದರು? ಒಳಗಿನಿಂದ ಹೆಂಡತಿ ಬಂದು ಅವರಿಗೆ ತಿಳಿಯದಂತೆ ಹತ್ತು ರೂಪಾಯಿ ಹಾಕಿದ್ದರೂ ಆದೀತು. ಅವಳನ್ನು ನೀನು ಬಾವಿಯ ಹತ್ತಿರ ಬಿಟ್ಟು ಬಂದವಳು ಮತ್ತೆ ಕರೆದೇ ಇಲ್ಲ. ಇದನ್ನು ನೀನು ಬರೆದರೆ ಶಾಂತಿವಾದಿಯೋ ಯುದ್ಧವಿರೋಧಿಯೋ ಎಂದು ನನಗೆ ಚೀಟಿ ಬರೆಯುವ ಅಗತ್ಯ ಬೀಳುವುದಿಲ್ಲ. ಎರಡನ್ನೂ ಹೊಡೆದು ಹಾಕು.

ಒಂದೆರಡು ಸಣ್ಣ ತಿದ್ದುಪಡಿ. ಮಾಸ್ತರು ಕಡಲತೀರದಲ್ಲಿ ‘ಚಪಲ್’ ಯುದ್ಧನೌಕೆಯ ನೆರಳಲ್ಲಿ ಕೂರುತ್ತಾರೆ ಎಂದಿದೆ. ನಿನ್ನ ಕಥೆ ನಡೆಯುವುದು 1999ರಲ್ಲಿ. ಆ ನೌಕೆ ಅಲ್ಲಿ ವಸ್ತುಸಂಗ್ರಹಾಲಯವಾದದ್ದು 2006ರಲ್ಲಿ. ನೌಕೆ ಬೇಕೇ ಬೇಕು ಎಂದಾದರೆ ಕೊನೆಯ ಭಾಗವನ್ನು ಏಳೆಂಟು ವರ್ಷ ಮುಂದಕ್ಕೆ ತೆಗೆದುಕೊಂಡು ಹೋಗು, ಆಗ ಪಕ್ಕದಲ್ಲೇ ರಾಣೆಯವರ ಪ್ರತಿಮೆಯೂ ಸಿಗುತ್ತದೆ, ಮುದುಕರಾದ ಮಾಸ್ತರಿಗೆ ಕೂರಲು ಒಳ್ಳೆಯ ಜಾಗ. ನೆಲೆ ಕೆಲಸ ಶುರುಮಾಡಿದ್ದೂ 2005ರಲ್ಲಿ, ಹಾಗಾಗಿ 1999ರಲ್ಲಿ ದಂಡೆಯಲ್ಲಿ ಯುದ್ಧನೌಕೆಗಳ ಸಾಲು ತೋರಿಸಬೇಡ. ಆಗ ಅಲ್ಲಿ ಕಾಮಗಾರಿ ಮತ್ತು ಲಾರಿಗಳ ಧೂಳು.

ಕೊಂಕಣಿ ಮಾತುಗಳನ್ನು ನಿನ್ನ ಅಜ್ಜಿಗೆ ಓದಿ ಹೇಳಿಸಿ ಸರಿಮಾಡಿಕೋ, ನನ್ನ ಘಟ್ಟದ ಮೇಲಿನ ಕಿವಿಯನ್ನು ನಂಬಬೇಡ. ವಿಶೇಷಾಂಕದವರಿಗೆ ಕಳಿಸುವ ಯೋಚನೆಯಿದ್ದರೆ ನವರಾತ್ರಿಯ ಒಳಗೆ ತಿದ್ದಿದ ಪ್ರತಿ ನನಗೆ ಮುಟ್ಟಲಿ. ಪೆನ್ಸಿಲಿನಲ್ಲಿ ಗುರುತು ಹಾಕಿದ ಹಾಳೆಗಳನ್ನು ಇದರ ಜೊತೆಗೇ ಇಟ್ಟಿದ್ದೇನೆ. ಮನೆಯಲ್ಲಿ ಎಲ್ಲರನ್ನೂ ಕೇಳಿದೆನೆಂದು ಹೇಳು.

ಇತಿ,
ಶಿರಸಿಯಿಂದ ನಿನ್ನ ಅಣ್ಣ