ಪೇಟೆಯ ಸದ್ದು ಅಸಲಿಯೋ ಅಂಟಿಸಿದ್ದೋ: ಗೆಳೆಯನಿಗೊಂದು ಪತ್ರ

ಗೆಳೆಯಾ,

ಜಪಾನಿನ ಹಳೇ ಪೇಟೆಯ ಆ ತುಣುಕಿನ ಸದ್ದು ಅಂದಿನದೋ, ಆಮೇಲೆ ಯಾರೋ ಸೇರಿಸಿದ್ದೋ ಅಂತ ಕೇಳಿದ್ದೀಯ. ಅನುಮಾನ ಪಡುವುದು ಒಳ್ಳೆಯದೇ. ಅಮೆರಿಕದ ಫಾಕ್ಸ್ ಮೂವಿಟೋನ್ ಸುದ್ದಿಚಿತ್ರದವರು 1920ರ ದಶಕದ ಕೊನೆಗೆ ಜಪಾನಿನ ಬೀದಿಗಳನ್ನು ಸದ್ದಿನ ಸಮೇತ ಹಿಡಿದದ್ದುಂಟು. ಅವರ ಕಚ್ಚಾ ರೀಲುಗಳ ರಾಶಿ ಈಗ ಸೌತ್ ಕ್ಯಾರೊಲಿನಾ ವಿಶ್ವವಿದ್ಯಾಲಯದಲ್ಲಿದೆ.

ಅವರ ಕ್ಯಾಮೆರಾದಲ್ಲಿ ಚಿತ್ರವೂ ಸದ್ದೂ ಒಂದೇ 35 ಮಿ.ಮೀ. ನೆಗೆಟಿವ್ ಮೇಲೆ ಬೀಳುತ್ತಿದ್ದವು. ಸದ್ದಿನ ಏರಿಳಿತಕ್ಕೆ ತಕ್ಕಂತೆ ಪುಟ್ಟ ದೀಪವೊಂದು ಮಿನುಗಿ, ಕೂದಲೆಳೆಯಂಥ ಸೀಳಿನಿಂದ ಫಿಲ್ಮಿನ ಅಂಚಿಗೆ ಬೂದು ಗೆರೆಗಳ ಏಣಿ ಬರೆಯುತ್ತಿತ್ತು. ಆ ಪಟ್ಟಿಗೆ ಜಾಗ ಬಿಟ್ಟುಕೊಟ್ಟು ಚೌಕಟ್ಟು 1.19:1ಕ್ಕೆ ಇಳಿಯಿತು, ಹೆಚ್ಚುಕಡಿಮೆ ಚೌಕ. ನೀನು ನೋಡಿದ್ದು ಅಗಲ ಪರದೆ ತುಂಬಿದ್ದರೆ, ಯಾರೋ ತಲೆ-ಕಾಲು ಕತ್ತರಿಸಿದ್ದಾರೆ.

ತೊಡಕಿರುವುದು ಇಲ್ಲಿ. ಲೆನ್ಸಿನ ಹಿಂದೆ ಫಿಲ್ಮ್ ನಿಂತು ನಿಂತು ಜಿಗಿಯುತ್ತದೆ. ಸದ್ದಿಗೋ ಅದು ಒಂದೇ ಸಮನೆ ಓಡಬೇಕು. ಹಾಗಾಗಿ ಸದ್ದಿನ ಸೀಳು ಲೆನ್ಸಿನಿಂದ 20 ಫ್ರೇಮ್, ಅಂದರೆ 20 ಬಿಡಿ ಚಿತ್ರಗಳಷ್ಟು, ದೂರ. ಸೆಕೆಂಡಿಗೆ 24 ಫ್ರೇಮಿನಂತೆ 0.83 ಸೆಕೆಂಡ್. ಇಂಥ ರೀಲನ್ನು ಕತ್ತರಿಸಿ ಅಂಟಿಸಿದರೆ ಹಿಂದಿನ ಶಾಟಿನ ಸದ್ದು ಮುಂದಿನ ಚಿತ್ರದ ಮೇಲೆ ಅಷ್ಟು ಹೊತ್ತು ಚಾಚಿಕೊಳ್ಳುತ್ತದೆ: ಬಟ್ಟೆ ಅಂಗಡಿ ಬಂದರೂ ಮೀನಿನವನ ಕೂಗು ಮುಗಿದಿರುವುದಿಲ್ಲ. ಈ ಎಡವಟ್ಟು ಕಂಡರೆ ಖುಷಿಪಡು, ಅಸಲಿ ಇರುವ ಸಾಧ್ಯತೆ ಹೆಚ್ಚು.

ಆಮೇಲೆ ಗೆತಾ, ಅಂದರೆ ಅವರ ಮರದ ಹಾವುಗೆ, ನೆಲಕ್ಕೆ ತಾಗುವ ಗಳಿಗೆಯನ್ನು ಒಂದೊಂದೇ ಫ್ರೇಮ್ ಸರಿಸಿ ನೋಡು. ಟಕ್ ಎನ್ನುವುದು ಅಲ್ಲೇ ಕೂರಬೇಕು. ಹತ್ತಿರದ ಕಾಲನ್ನೇ ಆರಿಸಿಕೋ. 14 ಮೀಟರ್ ಆಚೆಯ ಸದ್ದು ಮೈಕಿಗೆ ಬರುವಷ್ಟರಲ್ಲಿ ಒಂದು ಫ್ರೇಮ್ ತಡವಾಗಿರುತ್ತದೆ.

ಎಡಬಲಕ್ಕೆ ಓಡಾಡುವ ಸ್ಟೀರಿಯೋ ಕೇಳಿಸಿದರೆ ಅದು ಈಚಿನ ಕೈವಾಡ. ಜನ ಇರುವೆಗಳಂತೆ ಸರಸರ ನಡೆದರೂ ಹಾಗೇ: ಕೈಯಲ್ಲಿ ತಿರುಗಿಸಿದ ಮೂಕಿ ಚಿತ್ರಕ್ಕೆ ಸದ್ದು ಬಳಿದಿದ್ದಾರೆ. ಬಣ್ಣ ಹಚ್ಚಿ ಸೆಕೆಂಡಿಗೆ 60 ಫ್ರೇಮಿಗೆ ಎಳೆದ ತುಣುಕುಗಳ ಮಾತು ಬಿಡು.

ತೋಫು, ಅಂದರೆ ಸೋಯಾ ಹಾಲಿನ ಗಿಣ್ಣು, ಮಾರುವವನ ತುತ್ತೂರಿ ಕೇಳಿಸಿದರೆ ಅವನ ಕೆನ್ನೆ ನೋಡು. ಅದರ ಎರಡು ಸ್ವರಗಳಲ್ಲಿ ಒಂದು ಊದಿದಾಗ, ಇನ್ನೊಂದು ಉಸಿರೆಳೆದಾಗ ಬರುತ್ತದೆ. ಎರಡಕ್ಕೂ ಕೆನ್ನೆ ಉಬ್ಬೇ ಇದ್ದರೆ ಸದ್ದು ಬೇರೆ ಕಡೆಯದು.

ನಿನ್ನವ